ಚಿಲ್ಲರೆ

ಕಂಪಾಲಾದ ಕಾಟ್ವೆಯಲ್ಲಿ, ಹಳೇ ಬಿಡಿಭಾಗಗಳ ಅಂಗಡಿಸಾಲಿನ ಹಿಂದೆ
ತಗಡಿನ ಗೋಡೆ, ತಗಡಿನ ಮಾಡು, ಹದಿನಾರು ಬೆಂಚು.
ಟಿಕೇಟು ಐನೂರು ಶಿಲ್ಲಿಂಗು.
ಪರದೆಯ ಪಕ್ಕ ಪ್ಲಾಸ್ಟಿಕ್ ಕುರ್ಚಿಯಲ್ಲಿ
ಮೈಕು ಹಿಡಿದು ಕೂತವನು ನಾನು, ಸ್ಸೆಬುನ್ಯ,
ಚಿತ್ರಗಳ ಬಾಯಿ.

ಯಾವ ದೇಶದ್ದೋ ಸಿನಿಮಾ, ಯಾವ ನುಡಿಯೋ.
ಅರ್ಧ ತಿಳಿಯುತ್ತದೆ, ಇನ್ನರ್ಧ ತುಟಿ ನೋಡಿ ಹೇಳುತ್ತೇನೆ
ನಮ್ಮ ಲುಗಾಂಡಾದಲ್ಲಿ, ನಮ್ಮ ಬೀದಿಯ ಬೈಗುಳ ಬೆರೆಸಿ.
ಹೀರೊ ಹೆಲಿಕಾಪ್ಟರಿನಿಂದ ಜಿಗಿದರೆ
'ನೋಡ್ರಪ್ಪಾ, ಬಾಡಿಗೆ ಕೊಡದೆ ಇಳಿದ' ಅನ್ನುತ್ತೇನೆ.
ತಗಡು ಅದುರುವಷ್ಟು ನಗು.

ಇಪ್ಪತ್ತೆರಡು ವರ್ಷ. ಪರದೆ ನೋಡಿದ್ದು ಕಡಿಮೆ,
ಅದರ ಬೆಳಕು ಬಿದ್ದ ಮುಖ ನೋಡಿದ್ದೇ ಹೆಚ್ಚು.
ಗುಂಡು ಹಾರುವ ಮೊದಲೇ ಚಪ್ಪಾಳೆ ತಟ್ಟುವವನು
ಹಗಲೆಲ್ಲ ಸಾಹೇಬರ ಗೇಟು ಕಾಯುವ ಮುಕೀಬಿ,
ಅವನ ಕೋವಿಗೆ ಯಾರೂ ಗುಂಡೇ ಕೊಟ್ಟಿಲ್ಲ.
ಭೂತದ ಚಿತ್ರಕ್ಕೆ ತಪ್ಪದೆ ಬರುವವನು
ಶವದ ಪೆಟ್ಟಿಗೆ ಮಾಡುವ ಬಡಗಿ;
ದುಡ್ಡು ಕೊಟ್ಟು, ಕಣ್ಣು ಮುಚ್ಚಿಕೊಂಡು ಕೂರುತ್ತಾನೆ.
ಮತ್ತೆ ಬೋಡಾ ಬೈಕಿನ ಹುಡುಗರು:
ತೆರೆಯ ಮೇಲೆ ತಾಯಿ ಸತ್ತರೆ ಅಳುವುದಿಲ್ಲ, ಕೆಮ್ಮುತ್ತಾರೆ.
ಒಬ್ಬ ಶುರುಮಾಡಿದರೆ ಸಾಲುಸಾಲೇ ಕೆಮ್ಮು.
ಗೊತ್ತಿಲ್ಲದವರು ಅಂದುಕೊಳ್ಳಬೇಕು, ಕ್ಷಯ ಹಿಡಿದ ಊರೆಂದು.

ಬುಟಬಿಕಾದ ಆಸ್ಪತ್ರೆಯಿಂದ ಮನಸ್ಸಿನ ಡಾಕ್ಟರು ಬಂದರು,
ಕಿಸಾಕ್ಯೆ ಅಂತ ಹೆಸರು, ತೊಡೆಯ ಮೇಲೆ ನೋಟುಪುಸ್ತಕ,
ಎಂಟು ರಾತ್ರಿ ಹಿಂದಿನ ಬೆಂಚು.
ಒಂಬತ್ತನೆಯ ರಾತ್ರಿ ನನ್ನ ಹತ್ತಿರ ಬಂದರು:
'ಎಂಟು ಚಿತ್ರ, ಎಂಟು ಖಳರು.
ಸಾಯುವಾಗ ಒಬ್ಬ ಶಾಪ ಹಾಕಿದ, ಒಬ್ಬ ನಕ್ಕ,
ಒಬ್ಬನ ಬಾಯಲ್ಲಿ ರಕ್ತ ಬಿಟ್ಟು ಬೇರೇನೂ ಬರಲಿಲ್ಲ.
ನೀವು ಮಾತ್ರ ಎಂಟೂ ಜನರಿಂದ ಒಂದೇ ಮಾತು ಆಡಿಸಿದಿರಿ:
ಚಿಲ್ಲರೆ ಸಿಗಲಿಲ್ಲ ಮಗಾ.
ಯಾಕೆ?'

ಜನ ನಗ್ತಾರೆ ಡಾಕ್ಟ್ರೇ, ಅಂದೆ.
ನಗುತ್ತಾರೆ, ಅಂದರು. ಬರೆದುಕೊಳ್ಳಲಿಲ್ಲ.

ನನಗೆ ಗೊತ್ತೇ ಇರಲಿಲ್ಲ.
ಲೋಕದ ಬಾಯೆಲ್ಲ ನಾನಾಗಿ ಮಾತಾಡುವಾಗ
ನನ್ನ ಬಾಯೊಳಗೆ ಯಾರು ಕುರ್ಚಿ ಹಾಕಿಕೊಂಡು ಕೂತಿದ್ದರೋ.

ಮಸಾಕಾ ದಾರಿಯ ಬಸ್ಸಿನ ಕಂಡಕ್ಟರು ನಮ್ಮಪ್ಪ.
ನನಗೆ ಒಂಬತ್ತು. ನಿಲ್ದಾಣದಲ್ಲಿ ಸುಟ್ಟ ಜೋಳ ಕೇಳಿದೆ.
ದೊಡ್ಡ ನೋಟೊಂದನ್ನು ಬಿಸಿಲಿಗೆ ಹಿಡಿದು ನೋಡಿ
'ಇಲ್ಲೇ ಇರು, ಚಿಲ್ಲರೆ ತರ್ತೀನಿ' ಅಂದ.
ಜೋಳದವಳು ತೆನೆಯನ್ನು ಕೆಂಡದ ಮೇಲೆ
ತಿರುಗಿಸುತ್ತಾ ತಿರುಗಿಸುತ್ತಾ
ಕೊನೆಗೆ ಸುಮ್ಮನೆ ನನ್ನ ಕೈಗಿಟ್ಟಳು. ಕರಿಕಾಗಿತ್ತು.
ಅಷ್ಟೇ. ಚಿಲ್ಲರೆ ಸಂಗತಿ.

ಮೊನ್ನೆ ಶನಿವಾರ ಕರೆಂಟು ಹೋಯಿತು.
ಜನರೇಟರಿನಲ್ಲಿ ಡೀಸೆಲಿಲ್ಲ.
ಹಡಗುಕಟ್ಟೆಯ ಮೇಲೆ ಖಳ ಇನ್ನೂ ಬಿದ್ದಿರಲಿಲ್ಲ,
ಹೀರೊನ ಬೆರಳು ಕೋವಿಯ ಕುದುರೆಯ ಮೇಲಿತ್ತು.
ಕತ್ತಲೆಯಿಂದ ಕೂಗು: 'ನಿಲ್ಲಿಸಬೇಡ ಸ್ಸೆಬುನ್ಯ, ನೀನು ಹೇಳು!'

ಚಿತ್ರವಿಲ್ಲ. ತುಟಿಯಿಲ್ಲ.
ಮಾತು ಹೊರಿಸಲು ಒಂದು ಮುಖವೂ ಇಲ್ಲ.
ಸತ್ತ ಮೈಕು ಹಿಡಿದೇ ಹೇಳಿದೆ:
ಹೀರೊ ಕೋವಿ ಇಳಿಸಿದ. ಖಳ ಜೇಬು ತಡಕಿದ,
ಒಂದು ಜೇಬು, ಇನ್ನೊಂದು, ಕೋಟಿನ ಒಳಜೇಬು...
ಅಲ್ಲಿಗೆ ನಾಲಗೆ ನಿಂತಿತು.

ಯಾರೂ ನಗಲಿಲ್ಲ.
ಮುಂದಿನ ಬೆಂಚಿನಿಂದ ಒಂದು ಎಳೆಯ ದನಿ:
'ಸಿಕ್ತಾ ಚಿಲ್ಲರೆ?'

ಯಾರೋ ಕೆಮ್ಮಿದರು. ಆಮೇಲೆ ಇನ್ನೊಬ್ಬರು.
ಮುಕೀಬಿ ಎದ್ದ, ತಡವರಿಸುತ್ತಾ ನನ್ನ ಮಗ್ಗುಲಿಗೆ ಬಂದು
'ತಡಿ, ಡೀಸೆಲು ತರ್ತೀನಿ' ಅಂದ.

ಅವನ ಅಂಗಿಯ ತುದಿ ನನ್ನ ಕೈಗೆ ಸಿಕ್ಕಿತು.
ಇಲ್ಲೇ ಇರು, ಅಂದೆ.