ಖಾಲಿ ಮೊಳೆ

ಗೋಡೆಯ ತುಂಬ ಮೊಳೆ. ಮೊಳೆಗೊಂದು ನಂಬರು,
ನಂಬರಿಗೊಂದು ಹಿತ್ತಾಳೆ ಬಿಲ್ಲೆ.
ಗಣಿಗಿಳಿಯುವವರು ಬಿಲ್ಲೆ ತೆಗೆದು ಜೇಬಿಗಿಳಿಸುತ್ತಾರೆ,
ಮೇಲೆ ಬಂದವರು ಮತ್ತೆ ತೂಗುಹಾಕುತ್ತಾರೆ.
ಇಪ್ಪತ್ತಾರು ವರ್ಷದಿಂದ ನನ್ನ ಕೆಲಸ ಇಷ್ಟೇ:
ಇಲ್ಲದ ಬಿಲ್ಲೆಗಳನ್ನು ಎಣಿಸುವುದು.
ಬಿಲ್ಲೆ ಇದ್ದರೆ ಮನುಷ್ಯ ಮನೆಯಲ್ಲಿ, ಅಥವಾ ಪಬ್ಬಿನಲ್ಲಿ,
ಅದು ಅವನ ಹೆಂಡತಿಯ ಚಿಂತೆ.
ಮೊಳೆ ಖಾಲಿಯಿದ್ದರೆ ಮಾತ್ರ ನನ್ನ ಲೆಕ್ಕಕ್ಕೆ ಅವನು ಉಂಟು,
ಸಾವಿರದ ನೂರು ಮೀಟರು ಕೆಳಗೆ,
ಕಡಲಡಿಯ ಉಪ್ಪಿನಲ್ಲಿ.

ಮುನ್ನೂರ ಹದಿನೆಂಟು ಫಿಲಿಪಾಳದು.
ಪೋರ್ಚುಗಲ್ಲಿನ ಹುಡುಗಿ. ಉಪ್ಪು ಅಗೆಯುವವಳಲ್ಲ.
ಸುರಂಗದ ಕೊನೆಗೆ ಬಿಳಿ ಕೋಣೆ, ಕೋಣೆಯೊಳಗೆ ಸೀಸದ ಗೋಡೆ,
ಗೋಡೆಯೊಳಗೆ ಕೊರೆಯುವ ತಣ್ಣನೆ ಕ್ಸೆನಾನ್ ತುಂಬಿದ ಹಂಡೆ.
ಅದರ ಪಕ್ಕ ಕೂತು ಕಾಯುತ್ತಾಳೆ.
ಏನನ್ನು, ಎಂದು ಕೇಳಿದೆ, ಮೊದಲ ವಾರವೇ.
ಕಪ್ಪುದ್ರವ್ಯ, ಅಂದಳು.
ಕಪ್ಪು ಬೇಕಿದ್ದರೆ ನನ್ನಪ್ಪನ ಕರವಸ್ತ್ರದಲ್ಲಿತ್ತಲ್ಲ, ಅಂದೆ,
ಡರ್ಹಮ್ಮಿನ ಕಲ್ಲಿದ್ದಲು, ಕೆಮ್ಮಿದಷ್ಟೂ.
ನಕ್ಕಳು. ‘ಕಪ್ಪೂ ಅಲ್ಲ ಹಿಲ್ಡಾ.
ಕಪ್ಪಾಗಿದ್ದರೆ ಬೆಳಕಿಗೆ ಅಡ್ಡವಾದರೂ ಬರುತ್ತಿತ್ತು.
ಇದು ನಿಮ್ಮನ್ನೂ, ನಿಮ್ಮ ಚಹಾವನ್ನೂ ಸೋಕದೆ
ಹಾದುಹೋಗುತ್ತಿದೆ, ಈಗ, ಈ ಮಾತಿನ ನಡುವೆ.’

ಕ್ಯಾಂಟೀನಿನ ತಟ್ಟೆಗೆ ನಮ್ಮದೇ ಉಪ್ಪು ಚೆಲ್ಲಿ
ಬೆರಳಲ್ಲಿ ತಿರುಗಿಸಿದಳು: ಗ್ಯಾಲಕ್ಸಿ.
ಅಂಚಿನ ಹರಳು ಮೇಜಿನ ಮೇಲೆ ಸಿಡಿಯಿತು.
‘ಆಗಬೇಕಾದ್ದು ಹೀಗೆ. ಆದರೆ ಆಗುವುದಿಲ್ಲ.
ನಡುವಿನಿಂದ ಅಷ್ಟು ದೂರದ ನಕ್ಷತ್ರ ನಿಧಾನವಾಗಬೇಕು,
ಆಗುವುದಿಲ್ಲ. ಅಷ್ಟು ವೇಗಕ್ಕೆ ದಿಕ್ಕಾಪಾಲಾಗಬೇಕು,
ಅದೂ ಇಲ್ಲ.
ಕಾಣುವುದನ್ನೆಲ್ಲ ತಕ್ಕಡಿಗೆ ಹಾಕಿದರೂ ತೂಕ ಸಾಲದು.
ಯಾವುದೋ ಹಿಡಿದುಕೊಂಡಿದೆ.’

ಇಷ್ಟಕ್ಕೆ ಪೋರ್ಚುಗಲ್ಲಿನಿಂದ ಬರಬೇಕಿತ್ತೆ, ಅಂದೆ.
ಸ್ಟೇತ್ಸ್ ಬಂದರಿನಲ್ಲಿ ನನ್ನಜ್ಜಿ ಅಕ್ಷರ ಕಲಿತವಳಲ್ಲ.
ಅಮಾವಾಸ್ಯೆ ಬಂದರೆ ಅಜ್ಜನಿಗೆ ಹೇಳುತ್ತಿದ್ದಳು,
ದೋಣಿಗೆ ಇನ್ನೊಂದು ಹಗ್ಗ ಬಿಗಿ.
ಬಾನಿನಲ್ಲಿ ಚಂದ್ರನ ಚೂರೂ ಇರದ ದಿನ
ನೀರು ಹುಣ್ಣಿಮೆಯಷ್ಟೇ ಮೇಲೇರುತ್ತದೆ, ಏಳನೆಯ ಮೆಟ್ಟಿಲಿಗೆ.
ಯಾರು ಎಳೆದರು ಎಂದು ಹಗ್ಗ ಕೇಳುತ್ತದೆಯೆ?
ಫಿಲಿಪಾ ಪೆನ್ನು ತೆಗೆದು ಅಂಗೈಯಲ್ಲಿ ಏನೋ ಗೀಚಿಕೊಂಡಳು.
ಆಮೇಲೆ ಮೆಲ್ಲಗೆ:
‘ಚಂದ್ರ ಎರಡು ದಿನ ಬಿಟ್ಟು ಮುಖ ತೋರಿಸುತ್ತಾನೆ, ಹಿಲ್ಡಾ.
ಇದು ತೋರಿಸುವುದಿಲ್ಲ.’

ಒಂಬತ್ತು ವರ್ಷ.
ಒಮ್ಮೆ ಮಾತ್ರ, ನಡುರಾತ್ರಿ, ಕೆಳಗಿನಿಂದ ಫೋನು:
ಮಿಂಚಿತು! ಮಿಂಚಿತು!
ಹದಿನೇಳು ದಿನ ಯಾರಿಗೂ ನಿದ್ದೆಯಿಲ್ಲ.
ಕೊನೆಗೆ ನೋಡಿದರೆ ಒಂದು ಸ್ಕ್ರೂ. ಬರೀ ಒಂದು ಸ್ಕ್ರೂ,
ಅದರ ಉಕ್ಕಿನಲ್ಲಿ ಎಳ್ಳಿನಷ್ಟು ಯುರೇನಿಯಂ.
ಅವತ್ತು ಈ ಕೋಣೆಯಲ್ಲೇ ಕೂತು ನನ್ನ ಶುಂಠಿ ಬಿಸ್ಕತ್ತು
ಡಬ್ಬಿ ಪೂರ್ತಿ ಮುಗಿಸಿದಳು.
ಅಳಲಿಲ್ಲ. ತನ್ನ ಭಾಷೆಯಲ್ಲಿ ಬೈದಳು,
ಕೇಳಲಿಕ್ಕೆ ಚೆನ್ನಾಗಿತ್ತು.

ಆಮೇಲೆ ದುಡ್ಡು ನಿಂತಿತು. ಹಂಡೆ ಬಿಚ್ಚಿದರು.
ಸಿಗಲಿಲ್ಲ ಎಂಬುದನ್ನು ನಲವತ್ತು ಪುಟ ಬರೆದು
ನನಗೂ ಒಂದು ಪ್ರತಿ ಕೊಟ್ಟಳು.
ಒಂದು ಗೆರೆ ಮಾತ್ರ ಅರ್ಥವಾಯಿತು, ಬೆರಳಿಟ್ಟು ತೋರಿಸಿದ್ದರಿಂದ:
ಇದರ ಮೇಲೆಲ್ಲೂ ಅದು ಇಲ್ಲ. ಇನ್ನು ಕೆಳಗೆ ಹುಡುಕಬೇಕು.
ಇನ್ನೂ ಕೆಳಗೆ? ಅಂದೆ. ಇಬ್ಬರೂ ನೆಲ ನೋಡಿದೆವು.

ಅವಸರದಲ್ಲಿ ಬಿಲ್ಲೆ ಕೋಟಿನಲ್ಲೇ ಉಳಿದು
ವಿಮಾನ ಹತ್ತಿತು.
ನಿಯಮದ ಪ್ರಕಾರ ಮೊಳೆ ಖಾಲಿಯಿದ್ದರೆ
ಒಬ್ಬರು ಇನ್ನೂ ಕೆಳಗಿದ್ದಾರೆಂದೇ ಲೆಕ್ಕ.
ಹೊಸದೊಂದು ಮಾಡಿಸಿ ಹಾಕು, ಅಂದ ಮ್ಯಾನೇಜರ್ ನೆವಿಸನ್.
ಹಾಕುತ್ತೇನೆ, ಅಂದೆ.
ಮಾರ್ಚ್ ಹೋಯಿತು, ಈಸ್ಟರ್ ಹೋಯಿತು.
ಪಾಳಿ ಮುಗಿದಾಗಲೆಲ್ಲ ಎಣಿಸುತ್ತೇನೆ:
ಎಲ್ಲರೂ ಮೇಲೆ, ಒಂದು ಬಿಟ್ಟು.

ಇವತ್ತು ನಾಲ್ಕೂವರೆಗೆ ಕೆಲಸಕ್ಕೆ ಹೊರಟೆ.
ಕಗ್ಗತ್ತಲೆ. ಟಾರ್ಚು ಹಿಡಿದು ಬಂದರಿಗೆ ಇಳಿದೆ,
ಸುಮ್ಮನೆ.
ಹಗ್ಗಗಳು ಕಿರುಗುಟ್ಟುತ್ತಿದ್ದವು.
ನೀರು ಏಳನ್ನು ದಾಟಿ
ಎಂಟನೆಯ ಮೆಟ್ಟಿಲ ನೆಕ್ಕುತ್ತಿತ್ತು.