ಮಗ್ಗದ ಕುಣಿ

ಇಪ್ಪತ್ತು ರೂಪಾಯಿಯ ಛಾಪಾ ಕಾಗದ
ಟ್ರಂಕಿನ ತಳದಲ್ಲಿ, ಜರಿಯ ಚೂರುಗಳ ಜೊತೆ.
‘ಪೂರಾ ದುಡ್ಡು ಮುಟ್ಟಿದೆ, ಸ್ವಾಧೀನ ಬಿಟ್ಟುಕೊಟ್ಟಿದ್ದೇನೆ.’
ಪಾಲಯ್ಯನ ಹೆಬ್ಬೆಟ್ಟು ಈಗಲೂ ನೀಲಿ.
ಪಾಲಯ್ಯ ಇಲ್ಲ.

ಮಗ ಓಬಳೇಶನ ನೋಟೀಸು ಬಂದಿದೆ:
ಜಾಗ ಖಾಲಿ ಮಾಡಿ, ರಿಜಿಸ್ಟ್ರಿ ಎಲ್ಲಿದೆ?

ಮೊಳಕಾಲ್ಮೂರು ಕೋರ್ಟಿನೆದುರು ವಕೀಲರು
ಚಾ ಆರಲು ಬಿಟ್ಟು ಕೇಳಿದ್ದು ಒಂದೇ:
ಕರಾರು ಯಾವ ಇಸವಿ?
ಎರಡು ಸಾವಿರದ ಒಂದಕ್ಕೆ ಮೊದಲೋ, ಆಮೇಲೋ?

ತಾರೀಖನ್ನಷ್ಟೇ ಇಲಿ ತಿಂದಿದೆ ಸ್ವಾಮಿ.
ಇಸವಿ ನಾನರಿಯೆ, ಕುಣಿ ತೋಡಿದ್ದು ಬಲ್ಲೆ:
ಸೊಂಟದುದ್ದ ಗಟ್ಟಿನೆಲ, ಮೂರು ದಿನ ಹಾರೆ,
ನಾನು ಬಸುರಿ,
ಪಾಲಯ್ಯನೇ ಇಳಿದು ಕಲ್ಲೆತ್ತಿ ಕೊಟ್ಟ.
ಆಮೇಲೆ ಹುಟ್ಟಿದವಳು ಪದ್ಮಾಕ್ಷಿ.
ಅವಳ ಟಿ.ಸಿ. ತಂದೆ.
ತೊಂಬತ್ತೆಂಟು.

ವಕೀಲರು ಆರಿದ ಚಾ ಕುಡಿದರು.
‘ಇದು ಗುರಾಣಿ ಕಣಮ್ಮ, ಕತ್ತಿಯಲ್ಲ.
ಕೂತವಳನ್ನು ಅವನು ಎಬ್ಬಿಸಲಾರ;
ಒಡತಿ ಅಂತ ಈ ಕಾಗದ ಬರೆದೂ ಕೊಡದು.’

ಮನೆಗೆ ಬಂದು ಕುಣಿಗೆ ಕಾಲಿಳಿಬಿಟ್ಟೆ.
ತಣ್ಣಗಿತ್ತು.
ಸೆರಗಿನ ನವಿಲಿಗೆ ಇನ್ನೂ
ಕಾಲಷ್ಟೇ ಮೂಡಿವೆ.
ನಿಲ್ಲಲಿಕ್ಕೆ, ಸದ್ಯಕ್ಕೆ, ಸಾಕು.