ಮೂವತ್ತು ನಲವತ್ತರ ತೋಟ

ಜೋಗಿಮಟ್ಟಿ ಕಡೆಯ ಬಡಾವಣೆಯಲ್ಲಿ
ನಾನೂ ನನ್ನ ತಂಗಿ ಪಾಲಾಕ್ಷಿಯೂ ಕೂಡಿ ಕೊಂಡ ಸೈಟು:
ಮೂವತ್ತು ನಲವತ್ತು, ನಂಬರು ನೂರ ಹದಿನೇಳು,
ಮೂಲೆಗೊಂದು ಕಲ್ಲು, ಕಲ್ಲಿಗೆ ಸುಣ್ಣ.
ಎರಡು ಮನೆ, ನಡುವೆ ಒಂದೇ ಗೋಡೆ.
"ಸಾರಿಗೆ ಉಪ್ಪು ಸಾಲದಿದ್ದರೆ ಗೋಡೆ ಬಡಿ" ಅಂದಿದ್ದಳು.

ಈಗ ಅಲ್ಲಿ ಲಂಟಾನ, ತಂಗಡಿ, ಯಾರದೋ ಮನೆಯ ಒಡೆದ ಟೈಲು.
ಕಣ್ಣಿದ್ದವರಿಗೆ ಅಷ್ಟೇ ಕಾಣುತ್ತದೆ.
ವಾರದ ರಜೆಗೆ ನಾನು ಹೋಗಿ ಕೂತರೆ
ತೋಟ ಏಳುತ್ತದೆ.

ಮೊದಲು ಹೀರೇಬಳ್ಳಿ.
ಕಟ್ಟದ ಗೋಡೆಯನ್ನು ಹಿಡಿಹಿಡಿದು ಹತ್ತಿ
ಬರೀ ಗಾಳಿಯಲ್ಲಿ ಆಳೆತ್ತರ ನಿಂತು
ಸಂಜೆ ಐದಕ್ಕೆ ಹಳದಿ ಹೂ ಬಿಡುತ್ತದೆ.
ಆಮೇಲೆ ಸೀತಾಫಲ. ಕಾಯಿಗೆ ಕಾಯಿ ಕಣ್ಣು ಬಿಟ್ಟು
ನನ್ನನ್ನೇ ನೋಡುತ್ತವೆ,
ಒಂದು ಕಣ್ಣಲ್ಲೂ ಪಸೆಯಿಲ್ಲ.
ಪಾಪಾಸುಕಳ್ಳಿ: ತಂಗಿಯ ಗಂಡನಿಗೆ
ನಾನು ಅನ್ನದೆ ಬಿಟ್ಟ ಮಾತು, ಮುಳ್ಳೂ ಸೇರಿ.
ಅದಕ್ಕೆ ನೀರು ಹಾಕುವುದಿಲ್ಲ. ಆದರೂ ದಪ್ಪಗಾಗಿದೆ.

ಕೊನೆಗೆ ಕರಡಿ.
ಇನ್ನೂ ಮರಿ. ಎದೆಯ ಮೇಲೆ ಬಿಳಿ ಗೆರೆ,
ಇಸ್ತ್ರಿ ಮಾಡಿದ ಕಾಲರಿನ ಹಾಗೆ.
ಬೆಟ್ಟದ ಕರಡಿ ಊರಿಗೆ ಇಳಿದರೆ
ಅರಣ್ಯ ಇಲಾಖೆಯವರು ಬಲೆ ತರುತ್ತಾರೆ,
ಪೇಪರಿನವರು ಬರುತ್ತಾರೆ.
ಇದಕ್ಕೆ ಯಾರೂ ಬರುವುದಿಲ್ಲ.
ಹುತ್ತಕ್ಕೆ ಮೂತಿಯಿಟ್ಟು ಹೀರುತ್ತದೆ.
ಆ ಸದ್ದು ನನಗೆ ಗೊತ್ತು.
ಭರಮಸಾಗರ ದಾಟಿದ ಮೇಲೆ
ನನ್ನ ಗಂಟಲಲ್ಲಿ ಎದ್ದು, ಅಲ್ಲೇ ಕೂತದ್ದು.

ಆವತ್ತು ದಾವಣಗೆರೆಯಿಂದ ವಾಪಸು ಟ್ರಿಪ್ಪು.
ಕಾಲಿಡಲು ಜಾಗವಿಲ್ಲ. ಜಿಲ್ಲಾಸ್ಪತ್ರೆಯಿಂದ ಫೋನು.
"ಹ್ಞೂಂ" ಅಂದೆ. "ಸರಿ" ಅಂದೆ. ಜೇಬಿಗಿಟ್ಟೆ.
"ಒಳಗೆ ನಡೀರಿ, ಮುಂದೆ ಜಾಗ ಐತೆ" ಅಂದೆ.
ಹನ್ನೊಂದು ಟಿಕೆಟ್ಟು ಕೊಟ್ಟೆ ಆಮೇಲೆ,
ಆರು ಹೆಂಗಸರಿಗೆ ಸೊನ್ನೆಯವು.
ಲೆಕ್ಕ ತಪ್ಪಲಿಲ್ಲ.
ಡಿಪೋದಲ್ಲಿ ಹಣ ಕಟ್ಟಿ, ಮಿಷಿನ್ನು ಒಪ್ಪಿಸಿ, ಸಹಿ ಹಾಕಿ
ಹೋಗುವಷ್ಟರಲ್ಲಿ ಎಲ್ಲರೂ ಅತ್ತು ಮುಗಿದಿತ್ತು.
"ತಿಪ್ಪಕ್ಕ ಗಟ್ಟಿಗಿತ್ತಿ" ಅಂದರು. ಇರಬಹುದು ಅಂದುಕೊಂಡೆ.
ಮಣ್ಣು ಕೊಟ್ಟು ಬಂದವರಿಗೆ ನೀರು ಕಾಯಿಸಿದವಳೂ ನಾನೇ.

ಎಂಟು ತಿಂಗಳಾಗಿತ್ತು. ದುರ್ಗದ ಬಸ್‌ಸ್ಟ್ಯಾಂಡು.
ಕಂಬಳಿ ಹೊದ್ದ ಮುದುಕನೊಬ್ಬ ಅಡ್ಡ ನಿಂತ.
"ನೀನು ನಂಗೆ ನಾಕು ರೂಪಾಯಿ ಕೊಡ್ಬೇಕು ಕಣವ್ವ."
ಎಲೆಯಡಿಕೆ ಸಂಚಿಯಿಂದ ಟಿಕೆಟ್ಟು ತೆಗೆದು, ಮಡಿಕೆ ಬಿಚ್ಚಿದ.
ಹಿಂದೆ ನನ್ನದೇ ಅಕ್ಷರ: ಬಾಕಿ ೪.
ಮುಂದೆ ತಾರೀಖು. ಹೊತ್ತು, ನಾಲ್ಕು ಹನ್ನೆರಡು.
ಫೋನು ಬಂದದ್ದು ನಾಲ್ಕು ಹತ್ತಕ್ಕೆ.
"ಇಳಿಯಾಗ ಕೇಳಾನ ಅಂತಿದ್ದೆ," ಅಂದ.
"ನಿನ್ ಮಕ ನೋಡಿ ಕೇಳ್ಲಿಲ್ಲ."

ಚೀಲದ ತುಂಬ ಚಿಲ್ಲರೆ. ಕೈಗೆ ಒಂದೂ ಸಿಗಲಿಲ್ಲ.
ಕಂಬ ಹಿಡಿದು ಅಲ್ಲೇ ಕುಸಿದೆ.
ಹೊಳಲ್ಕೆರೆ ಬಸ್ಸು ಬಂತು, ಹೋಯಿತು.
ಹಿರಿಯೂರಿನದು ಬಂತು, ಹೋಯಿತು.
ಮುದುಕ ಕಂಬಳಿಯ ಒಂದು ತುದಿ ನನ್ನತ್ತ ಸರಿಸಿ
ಬೇರೆ ಕಡೆ ನೋಡುತ್ತ ಬೀಡಿ ಹಚ್ಚಿದ.

ಹತ್ತರ ನೋಟು ಕೊಟ್ಟೆ. ಎಣಿಸಿ ಆರು ವಾಪಸು ಕೊಟ್ಟ.
ಬಾಕಿ ತೀರಿತಲ್ಲ ಅಂತ ಟಿಕೆಟ್ಟು ಹರಿಯಹೋದ,
ನಾನು ಇಸಕೊಂಡೆ.
ಬೇಸಿಗೆಗೆ ಮಿಷಿನ್ನಿನ ಶಾಯಿ ಹಾರಿತು,
ತಾರೀಖಿಲ್ಲ, ಹೊತ್ತಿಲ್ಲ, ಊರಿಲ್ಲ.
ಪೆನ್ನಿನ ನಾಲ್ಕು ಮಾತ್ರ ಹಾಗೇ ಇದೆ.

ಆ ವಾರ ಸೈಟಿಗೆ ಹೋದಾಗ
ಕಳ್ಳಿ ಇನ್ನೊಂದು ಹಸ್ತ ಬಿಟ್ಟಿತ್ತು.
ಸೀತಾಫಲದ ಬುಡದ ಮಣ್ಣು ಯಾಕೋ ಒದ್ದೆ.
ಕರಡಿ ಹೋಗಿರಲಿಲ್ಲ. ಬೆಳೆದಿತ್ತು.
ಗೋಡೆ ಬರಬೇಕಾದ ಗೆರೆಯ ಮೇಲೆ
ಉದ್ದಕ್ಕೂ ಮಲಗಿ ಗೊರಕೆ ಹೊಡೆಯುತ್ತಿತ್ತು.
ಗುಡ್ಡದ ಮೇಲಿನ ಗಾಳಿಯಂತ್ರಗಳಲ್ಲಿ
ಒಂದು ನಿಂತಿತ್ತು, ಉಳಿದವು ತಿರುಗುತ್ತಿದ್ದವು.

ಒರಗಿ ಕೂತೆ. ಬೆಚ್ಚಗಿತ್ತು, ನಾರುತ್ತಿತ್ತು.
ಬೆನ್ನಿನ ಮೇಲೆ ಎರಡು ಸಲ ಬಡಿದೆ.
ಪಾಲೀ,
ಉಪ್ಪು ಇದ್ದರೆ ಕೊಡೇ ಅಂದೆ.